ದೊರೆಗೆ ತೀರ್ಪು ಹೇಳುವವರು ಯಾರು?

ಗದಗದಿಂದ ಹೊಸಪೇಟೆಗೆ ರೈಲಿನಲ್ಲಿ ಹೋಗುವವರು ನಡುವೆ ಕೊಪ್ಪಳವನ್ನು ಹಾದುಹೋಗುವರು. ಅಲ್ಲಿ ಬೋಳುಬಂಡೆಗಳ ಬೆಟ್ಟ. ಬೆಟ್ಟದ ಮೇಲೆ ಕೋಟೆ. 1790ರಲ್ಲಿ ಟಿಪ್ಪುವಿನ ಮೇಲೆ ಯುದ್ಧ ನಡೆದಾಗ ಇಂಗ್ಲಿಷರ ದಂಡೂ ನಿಜಾಮರ ದಂಡೂ ಕೂಡಿ ಮುತ್ತಿಗೆ ಹಾಕಿದರೂ ಈ ಕೋಟೆಯು ಆರು ತಿಂಗಳ ಕಾಲ ಅವರ ಕೈಸೇರಲಿಲ್ಲ. ಅದೇ ಕೋಟೆಯು 1858ನೆಯ ಇಸವಿ ಜೂನ್ 1ನೆಯ ತಾರೀಖು ಒಂದೇ ದಿನದಲ್ಲಿ ಬಿದ್ದಿತು. ಒಳಗೆ ನಿಂತು ಕಾದಿದ ಮುಂಡರಗಿಯ ಭೀಮರಾಯನೂ ಹಮ್ಮಿಗೆಯ ಕೆಂಚನಗೌಡನೂ ಅಲ್ಲಿಯೇ ಮಡಿದರು. ಸೆರೆಸಿಕ್ಕ ಅವರ ಅನುಚರರಲ್ಲಿ ಅನೇಕರನ್ನು ವಿಚಾರಣೆ ಮಾಡಿ ಕೊಲ್ಲಿಸಿದರು.

ಈ ಕೊನೆಯ ವಾಕ್ಯದಲ್ಲಿರುವ ‘ವಿಚಾರಣೆ’ ಎಂಬ ಮಾತನ್ನು ನಾವು ಸಾಮಾನ್ಯವಾಗಿ ನಿಲ್ಲದೆ ಓದಿ ಮುಂದೆ ಹೋಗುವೆವು. ಆದರೆ ನಿಂತು ಕೇಳಬೇಕಾದ ಪ್ರಶ್ನೆ ಅಲ್ಲಿಯೇ ಇದೆ. ಯಾರು ಯಾರನ್ನು ವಿಚಾರಿಸಿದರು? ಯಾವ ಅಧಿಕಾರದಿಂದ? ಈ ಪ್ರಶ್ನೆಯನ್ನು ಲೋಕಕ್ಕೆಲ್ಲ ಕೇಳಿಸುವಂತೆ ಎತ್ತಿದವನು ಇಂಗ್ಲೆಂಡಿನ ಒಬ್ಬ ದೊರೆ. 1858ರಲ್ಲಿ ನಮ್ಮ ನಾಡಿನಲ್ಲಿ ನ್ಯಾಯಪೀಠವನ್ನೇರಿದವರೂ ಆ ದೊರೆಯ ನಾಡಿನವರೇ. ಆದುದರಿಂದ ಕೊಪ್ಪಳದ ಸಂಗತಿಯನ್ನು ತೂಗಿನೋಡುವ ಮೊದಲು ಲಂಡನ್ನಿನವರೆಗೆ ಹೋಗಿಬರುವುದು ಉಚಿತವಾಗಿದೆ.

ಆಳುವವನನ್ನು ಕೊಲ್ಲುವುದು ಇತಿಹಾಸದಲ್ಲಿ ಹೊಸತಲ್ಲ. ಗಂಗಾವತಿಯ ಬಳಿಯ ಆನೆಗುಂದಿಯಲ್ಲಿ ನಿಂತು ಹೊಳೆಯಾಚೆಯ ಹಾಳು ಪಟ್ಟಣವನ್ನು ನೋಡಿದವರಿಗೆ ಅಳಿಯ ರಾಮರಾಯನ ಕಥೆ ನೆನಪಾಗದೆ ಇರದು. 1565ನೆಯ ಜನವರಿಯಲ್ಲಿ ಅವನು ರಣರಂಗದಲ್ಲಿ ಸೆರೆಸಿಕ್ಕನು. ಅಹಮದನಗರದ ಸುಲ್ತಾನನ ಅಪ್ಪಣೆಯಂತೆ ಅಲ್ಲಿಯೇ ಅವನ ತಲೆಯನ್ನು ಕಡಿದು, ಈಟಿಗೆ ಚುಚ್ಚಿ ಅವನ ಸೈನ್ಯಕ್ಕೆ ತೋರಿಸಿದರು. ಅಲ್ಲಿ ಆಪಾದನೆಯಿಲ್ಲ, ಸಾಕ್ಷಿಯಿಲ್ಲ, ತೀರ್ಪಿಲ್ಲ. ಗೆದ್ದವನು ಸೋತವನನ್ನು ಕೊಂದನು, ಅಷ್ಟೆ. ಅದಕ್ಕೆ ನ್ಯಾಯವೆಂದು ಹೆಸರಿಡುವ ಗೋಜಿಗೆ ಯಾರೂ ಹೋಗಲಿಲ್ಲ. ಎಂಬತ್ತನಾಲ್ಕು ವರ್ಷಗಳ ತರುವಾಯ, ಮತ್ತೊಂದು ಜನವರಿಯಲ್ಲಿ, ಲಂಡನ್ನಿನಲ್ಲಿ ನಡೆದುದು ಬೇರೆ ಬಗೆಯದು. ಅಲ್ಲಿ ದೊರೆಯನ್ನು ಕೊಲ್ಲುವ ಮೊದಲು ಅವನನ್ನು ಕಟಕಟೆಯಲ್ಲಿ ಕೂರಿಸಿದರು.

ಒಂದನೆಯ ಚಾರ್ಲ್ಸನು 1625ರಲ್ಲಿ ಪಟ್ಟಕ್ಕೆ ಬಂದವನು. ಅರಸನ ಅಧಿಕಾರವು ದೇವರು ಕೊಟ್ಟುದು, ಅದಕ್ಕೆ ಅವನು ದೇವರಿಗಲ್ಲದೆ ಮತ್ತಾರಿಗೂ ಉತ್ತರವಾದಿಯಲ್ಲ ಎಂಬುದು ಅವನ ದೃಢವಾದ ನಂಬಿಕೆ. 1629ರಿಂದ 1640ರವರೆಗೆ ಹನ್ನೊಂದು ವರ್ಷ ಅವನು ಪಾರ್ಲಿಮೆಂಟನ್ನು ಕರೆಯಲೇ ಇಲ್ಲ; ಅದರ ಒಪ್ಪಿಗೆಯಿಲ್ಲದೆ ಹಡಗಿನ ತೆರಿಗೆಯೇ ಮೊದಲಾದುವನ್ನು ಎತ್ತಿದನು. 1642ರಲ್ಲಿ ಅವನಿಗೂ ಪಾರ್ಲಿಮೆಂಟಿಗೂ ಯುದ್ಧ ಹತ್ತಿತು. ಅದರಲ್ಲಿ ಅವನು ಸೋತನು. ಸೆರೆಯಲ್ಲಿದ್ದುಕೊಂಡೇ ಸ್ಕಾಟರೊಡನೆ ಸಂಧಾನ ನಡೆಸಿ 1648ರಲ್ಲಿ ಎರಡನೆಯ ಯುದ್ಧಕ್ಕೆ ಕಾರಣನಾದುದರಿಂದ, ಇವನೊಡನೆ ಇನ್ನು ಮಾತಿಲ್ಲವೆಂದು ಸೈನ್ಯದವರು ನಿಶ್ಚಯಿಸಿದರು. ಆ ಡಿಸೆಂಬರ್ ತಿಂಗಳಲ್ಲಿ ಕರ್ನಲ್ ಪ್ರೈಡನೆಂಬವನು ಸಿಪಾಯಿಗಳೊಡನೆ ಪಾರ್ಲಿಮೆಂಟಿನ ಬಾಗಿಲಲ್ಲಿ ನಿಂತು, ದೊರೆಯೊಡನೆ ಒಪ್ಪಂದವಾಗಬೇಕೆನ್ನುತ್ತಿದ್ದ ಸದಸ್ಯರನ್ನು ಒಳಗೆ ಬಿಡಲಿಲ್ಲ. ಉಳಿದವರು ಕೂಡಿ, ದೇವರ ತರುವಾಯ ಎಲ್ಲ ನ್ಯಾಯವಾದ ಅಧಿಕಾರಕ್ಕೂ ಪ್ರಜೆಗಳೇ ಮೂಲವೆಂದು 1649ನೆಯ ಜನವರಿ 4ರಂದು ಸಾರಿದರು. ದೊರೆಯ ವಿಚಾರಣೆಗೆ 135 ಮಂದಿಯ ನ್ಯಾಯಸ್ಥಾನವೊಂದನ್ನು ಗೊತ್ತುಮಾಡಿದರು. ಹೆಸರು ಬಂದವರಲ್ಲಿ ಅನೇಕರು ಆ ಕಡೆ ಸುಳಿಯಲೇ ಇಲ್ಲ.

ಜನವರಿ 20ರಂದು ವೆಸ್ಟ್‌ಮಿನ್‌ಸ್ಟರ್ ಸಭಾಮಂದಿರದಲ್ಲಿ ವಿಚಾರಣೆ ಮೊದಲಾಯಿತು. ಬ್ರಾಡ್‌ಷಾ ಎಂಬ ನ್ಯಾಯವಾದಿ ಅಧ್ಯಕ್ಷಪೀಠದಲ್ಲಿದ್ದನು. ತನ್ನ ಪ್ರಜೆಗಳ ಮೇಲೆಯೇ ಯುದ್ಧ ಹೂಡಿ ನಾಡಿನಲ್ಲಿ ನೆತ್ತರು ಹರಿಯಿಸಿದನೆಂಬುದು ದೊರೆಯ ಮೇಲಿನ ಆಪಾದನೆ. ತಲೆಯ ಮೇಲಿನ ಟೋಪಿಯನ್ನು ತೆಗೆಯದೆ ಕುಳಿತಿದ್ದ ಚಾರ್ಲ್ಸನು ತಪ್ಪಿತಸ್ಥನೆಂದಾಗಲಿ ಅಲ್ಲವೆಂದಾಗಲಿ ಹೇಳಲಿಲ್ಲ. ಯಾವ ನ್ಯಾಯಸಮ್ಮತವಾದ ಅಧಿಕಾರದಿಂದ ತನ್ನನ್ನು ಇಲ್ಲಿಗೆ ತಂದಿರೆಂದು ತಿರುಗಿ ಕೇಳಿದನು. ದಾರಿಗಳ್ಳರಿಗೂ ಬಲವುಂಟು, ಬಲವೇ ಅಧಿಕಾರವಲ್ಲ ಎಂಬುದು ಅವನ ವಾದದ ತಿರುಳು. ದೊರೆಯನ್ನೇ ಹೀಗೆ ನಡೆಸಿಕೊಳ್ಳುವ ಬಲವು ನಾಳೆ ಯಾವ ಪ್ರಜೆಯನ್ನು ತಾನೇ ಬಿಟ್ಟೀತು ಎಂದೂ ಅವನು ಕೇಳಿದನು. ನ್ಯಾಯಾಧೀಶರು ಅವನ ಮಾತನ್ನು ಮತ್ತೆ ಮತ್ತೆ ತಡೆದರು. ಉತ್ತರ ಕೊಡದಿರುವುದನ್ನೇ ತಪ್ಪೊಪ್ಪಿಗೆಯೆಂದೆಣಿಸಿ 27ರಂದು ಮರಣದಂಡನೆಯನ್ನು ವಿಧಿಸಿದರು. ಆ ಅಪ್ಪಣೆಯ ಪತ್ರಕ್ಕೆ 59 ಮಂದಿ ಸಹಿ ಹಾಕಿ ಮುದ್ರೆಯೊತ್ತಿದರು. ಕ್ರಾಂವೆಲ್ಲನು ಅವರಲ್ಲೊಬ್ಬನು.

30ನೆಯ ತಾರೀಖು ಕಡುಚಳಿ. ನಡುಗಿದರೆ ಜನರು ಭಯವೆಂದು ತಿಳಿದಾರೆಂದು ಚಾರ್ಲ್ಸನು ಎರಡು ಅಂಗಿಗಳನ್ನು ತೊಟ್ಟುಕೊಂಡನು. ವೈಟ್‌ಹಾಲಿನ ಔತಣಶಾಲೆಯ ಮುಂದೆ, ಹಾದಿಬೀದಿಯ ಜನರೆಲ್ಲ ಕಾಣುವಂತೆ, ವಧಸ್ಥಾನವನ್ನು ಕಟ್ಟಿದ್ದರು. ಅವನು ಕೊನೆಯ ಮಾತುಗಳನ್ನಾಡಿದನು; ನಡುವೆ ಸಿಪಾಯಿಗಳ ಸಾಲು ನಿಂತಿದ್ದುದರಿಂದ ಜನಕ್ಕೆ ಅವು ಕೇಳಿಸಲಿಲ್ಲ. ಆದರೆ ಬಳಿಯಲ್ಲಿದ್ದವರು ಬರೆದುಕೊಂಡರು. ಬೇಗನೆ ಅವು ಅಚ್ಚಾಗಿ ಬೀದಿಬೀದಿಗೆ ಹರಡಿದುವು. ಮುಖಕ್ಕೆ ಮುಸುಕು ಹಾಕಿಕೊಂಡಿದ್ದವನು ಒಂದೇ ಏಟಿಗೆ ತಲೆಯನ್ನು ಕಡಿದನು.

ಈ ವಿಚಾರಣೆಯನ್ನು ಹೇಗೆ ಎಣಿಸಬೇಕು? ಸಿಪಾಯಿಗಳು ಬಾಗಿಲು ಕಾದು ಸೋಸಿದ ಸಭೆಯು ನೇಮಿಸಿದ ನ್ಯಾಯಸ್ಥಾನಕ್ಕೆ ಅಂದಿನ ಕಾನೂನಿನಲ್ಲಿ ಆಧಾರವಿರಲಿಲ್ಲ. ಈ ಮಟ್ಟಿಗೆ ದೊರೆಯ ಪ್ರಶ್ನೆಯೇ ಗೆದ್ದಿತು. ಆದರೆ ಆಳುವವನೂ ಉತ್ತರ ಹೇಳಬೇಕಾದವನೇ ಎಂಬ ಮಾತು ಒಮ್ಮೆ ಹೊರಬಿದ್ದ ಮೇಲೆ ಅದನ್ನು ಯಾರೂ ಹಿಂದಕ್ಕೆ ನುಂಗಲಾರದೆ ಹೋದರು. 1660ರಲ್ಲಿ ಚಾರ್ಲ್ಸನ ಮಗನಿಗೆ ಪಟ್ಟವಾಯಿತು. ತಂದೆಯ ವಧೆಗೆ ಕಾರಣರಾದ ಹತ್ತು ಮಂದಿಯನ್ನು ಆ ಅಕ್ಟೋಬರಿನಲ್ಲಿ ವಿಚಾರಿಸಿ ಬಹಿರಂಗವಾಗಿ ಕೊಲ್ಲಿಸಿದರು. ದೊರೆಯ ಮೇಲೆ ವಾದ ಹೂಡಿದ್ದ ವಕೀಲ ಜಾನ್ ಕುಕ್ಕನೂ ಅವರಲ್ಲಿ ಸೇರಿದನು. ಪೀಠದಲ್ಲಿದ್ದವರು ಕಟಕಟೆಗೆ ಬಂದರು. ಪ್ರಶ್ನೆಯು ಮಾತ್ರ ಅದೇ ಉಳಿಯಿತು.

ಈಗ ನಮ್ಮ ನಾಡಿಗೆ ಬರೋಣ. 1858ರಲ್ಲಿ ನಮ್ಮ ಸೀಮೆಯ ಮೂರು ಕಡೆಗಳಲ್ಲಿ ಇದೇ ಪ್ರಶ್ನೆ ಎದ್ದಿತು. ಆಗ ಅಧಿಕಾರ ನಡೆಸುತ್ತಿದ್ದುದು ಈಸ್ಟ್ ಇಂಡಿಯಾ ಕಂಪನಿ. ವಿಕ್ಟೋರಿಯಾ ರಾಣಿಯ ಘೋಷಣೆಯಾದುದು ಆ ವರ್ಷದ ನವಂಬರ್ 1ರಂದು. ಹಿಂದಿನ ವರ್ಷ ಕಂಪನಿಯ ಸರ್ಕಾರವು ಹೊರಡಿಸಿದ್ದ ಕಾನೂನೊಂದರ ಪ್ರಕಾರ, ಬ್ರಿಟಿಷ್ ಸರ್ಕಾರಕ್ಕೆ ನಿಷ್ಠೆ ಸಲ್ಲಿಸಬೇಕಾದವರು ದಂಗೆಯೆದ್ದರೆ ಅವರಿಗೆ ಮರಣದಂಡನೆ ವಿಧಿಸಬಹುದಾಗಿತ್ತು. ‘ನಿಷ್ಠೆ ಸಲ್ಲಿಸಬೇಕಾದವರು’ ಯಾರೆಂಬುದನ್ನು ನಿಶ್ಚಯಿಸುವವರು ಯಾರು? ಎಲ್ಲ ತೊಡಕೂ ಈ ಒಂದು ಮಾತಿನಲ್ಲಿಯೇ ಅಡಗಿತ್ತು.

ಕುಷ್ಟಗಿಯ ಸೀಮೆಯನ್ನು ದಾಟಿ, ಕೃಷ್ಣಾನದಿಯಾಚೆ ಇರುವುದು ಸುರಪುರ. ಅಲ್ಲಿಯ ತರುಣ ರಾಜ ವೆಂಕಟಪ್ಪ ನಾಯಕನು ಆ ಫೆಬ್ರವರಿಯಲ್ಲಿ ಇಂಗ್ಲಿಷರೊಡನೆ ಕಾದಿ, ಹೈದರಾಬಾದಿಗೆ ಹೋಗಿ, ಸೆರೆಸಿಕ್ಕನು. ಸಿಕಂದರಾಬಾದಿನ ಸೈನಿಕ ನ್ಯಾಯಸ್ಥಾನವು ಅವನಿಗೆ ಮರಣದಂಡನೆಯನ್ನು ವಿಧಿಸಿತು. ಅವನನ್ನು ಬಾಲ್ಯದಿಂದ ಬಲ್ಲ ಮೆಡೋಸ್ ಟೇಲರನು ಸೆರೆಮನೆಯಲ್ಲಿ ಅವನನ್ನು ಕಂಡು ಮಾತಾಡಿದನು. ಕಳ್ಳನಂತೆ ನೇಣಿಗೇರಿಸದೆ ತೋಪಿನ ಬಾಯಿಗೆ ಕಟ್ಟಿ ಕೊಲ್ಲಲಿ, ತಾನು ನಡುಗುವುದಿಲ್ಲ ಎಂದು ರಾಜನು ಹೇಳಿದುದನ್ನು ಟೇಲರನು ತನ್ನ ಆತ್ಮಕಥೆಯಲ್ಲಿ ಬರೆದಿಟ್ಟಿರುವನು. ಎರಡು ಅಂಗಿಗಳನ್ನು ತೊಟ್ಟ ಚಾರ್ಲ್ಸನ ನೆನಪು ಇಲ್ಲಿ ಯಾರಿಗೆ ಬಾರದು? ಶಿಕ್ಷೆಯನ್ನು ಮೊದಲು ಗಡೀಪಾರಿಗೂ ಆಮೇಲೆ ನಾಲ್ಕು ವರ್ಷದ ಸೆರೆಗೂ ಇಳಿಸಿದರು. ಆದರೆ ಸೆರೆಯ ಕೋಟೆಗೆ ಕರೆದೊಯ್ಯುವ ದಾರಿಯಲ್ಲಿ ಆ ಮೇ ತಿಂಗಳಲ್ಲಿ ರಾಜನು ಗುಂಡೇಟಿನಿಂದ ತೀರಿಕೊಂಡನು.

ಎರಡನೆಯದು ನರಗುಂದ. ಅಲ್ಲಿಯ ಸಂಸ್ಥಾನಿಕ ಭಾಸ್ಕರರಾವ್ ಭಾವೆಯನ್ನು ಜನರು ಬಾಬಾಸಾಹೇಬನೆಂದು ಕರೆಯುತ್ತಿದ್ದರು. ಅವನಿಗೆ ಗಂಡುಸಂತಾನವಿರಲಿಲ್ಲ, ದತ್ತಕಕ್ಕೆ ಕಂಪನಿಯವರು ಒಪ್ಪಲಿಲ್ಲ. ತನ್ನ ಕಾಲಾನಂತರ ಸಂಸ್ಥಾನವು ಹೋಗುವುದೆಂಬುದು ಅವನಿಗೆ ಸ್ಪಷ್ಟವಾಯಿತು. ಮೇ ತಿಂಗಳ ಕೊನೆಯಲ್ಲಿ, ರಾಮದುರ್ಗದ ಬಳಿಯ ಸುರೇಬಾನದಲ್ಲಿ ರಾತ್ರಿ ತಂಗಿದ್ದ ಪೊಲಿಟಿಕಲ್ ಏಜೆಂಟ್ ಮ್ಯಾನ್ಸನನನ್ನು ಅವನ ಕಡೆಯವರು ಕೊಂದರು. ತಲೆಯನ್ನು ನರಗುಂದಕ್ಕೆ ತಂದರು. ಇದು ರಣರಂಗದ ಸಾವಲ್ಲವೆಂಬುದನ್ನು ಮರೆಮಾಚಿ ಹೇಳುವುದು ಇತಿಹಾಸಕ್ಕೆ ಒಪ್ಪದು. ಕರ್ನಲ್ ಮಾಲ್ಕಮ್ಮನ ದಂಡು ನರಗುಂದವನ್ನು ಹಿಡಿಯಿತು. ಜೂನ್ 2ರಂದು ಬಾಬಾಸಾಹೇಬನು ತೊರಗಲ್ಲಿನ ಕಡೆಯ ಕಾಡಿನಲ್ಲಿ ಸಿಕ್ಕಿದನು. ಬೆಳಗಾವಿಯಲ್ಲಿ ವಿಚಾರಣೆಯಾಗಿ, ಜೂನ್ 12ರಂದು ಅವನನ್ನು ಬಹಿರಂಗವಾಗಿ ಗಲ್ಲಿಗೇರಿಸಿದರು. ಚಾರ್ಲ್ಸನು ಕಟಕಟೆಗೆ ಬಂದಂದಿನಿಂದ ತಲೆ ಬೀಳುವವರೆಗೆ ಹತ್ತು ದಿನ. ಬಾಬಾಸಾಹೇಬನು ಸೆರೆಸಿಕ್ಕಂದಿನಿಂದ ಗಲ್ಲಿಗೇರುವವರೆಗೂ ಹತ್ತೇ ದಿನ.

ಮೂರನೆಯದು ಕೊಪ್ಪಳ. ನರಗುಂದದೊಡನೆ ಒಳಸಂಬಂಧವಿದ್ದ ಮುಂಡರಗಿಯ ಭೀಮರಾಯನು ಡಂಬಳದ ಖಜಾನೆಯನ್ನು ಸೂರೆಮಾಡಿ, ನಿಜಾಮರ ರಾಜ್ಯಕ್ಕೆ ಸೇರಿದ್ದ ಕೊಪ್ಪಳದ ಕೋಟೆಯನ್ನು ಹಿಡಿದನು. ಬಳ್ಳಾರಿಯ ಕಡೆಯಿಂದ ಮೇಜರ್ ಹ್ಯೂಸನ ದಂಡು ಬಂದಿತು. ಮುಂದಿನ ಸಂಗತಿಯನ್ನು ಮೊದಲೇ ಹೇಳಿದ್ದೇವೆ. ನಾಯಕರಿಬ್ಬರೂ ಕತ್ತಿ ಹಿಡಿದೇ ಸತ್ತುದರಿಂದ ಅವರಿಗೆ ತೀರ್ಪನ್ನು ಕೇಳುವ ಪ್ರಸಂಗ ಬರಲಿಲ್ಲ. ಕೇಳಿದವರು ಅವರನ್ನು ನಂಬಿ ಬಂದ ಸಾಮಾನ್ಯ ಜನ. ಕೋಟೆ ನಿಜಾಮರದು, ನ್ಯಾಯಾಧೀಶರು ಕಂಪನಿಯವರು. ತಮ್ಮ ನಿಷ್ಠೆಯು ಯಾರಿಗೆ ಸಲ್ಲಬೇಕಾದುದೆಂದು ಇವರನ್ನು ಅದಕ್ಕೆ ಮೊದಲು ಯಾರೂ ಕೇಳಿದವರಲ್ಲ.

ಲಂಡನ್ನಿನ ವಿಚಾರಣೆಗೂ ಇವಕ್ಕೂ ಇರುವ ಭೇದವು ಈಗ ತಿಳಿಯುವುದು. ಅಲ್ಲಿ ತೀರ್ಪು ಹೇಳಿದವರು, ಬಲಾತ್ಕಾರದಿಂದಲೇ ಆಗಲಿ, ಆ ನಾಡಿನ ಪ್ರಜೆಗಳ ಹೆಸರಿನಲ್ಲಿ ಹೇಳಿದರು. ಬೆಳಗಾವಿಯಲ್ಲಿಯೂ ಸಿಕಂದರಾಬಾದಿನಲ್ಲಿಯೂ ಕೊಪ್ಪಳದಲ್ಲಿಯೂ ಪ್ರಜೆಗಳ ಹೆಸರನ್ನು ಯಾರೂ ಎತ್ತಲಿಲ್ಲ. ನರಗುಂದದ ರೈತನು ತನ್ನ ದೊರೆಯನ್ನು ಮೆಚ್ಚಿದನೋ ಶಪಿಸಿದನೋ, ಅದು ಆ ವಿಚಾರಣೆಗೆ ಬೇಕಾಗಿರಲಿಲ್ಲ. ಇಂಗ್ಲಿಷರು ತಮ್ಮ ನಾಡಿನಲ್ಲಿ ಆಳುವವನು ಪ್ರಜೆಗಳಿಗೆ ಉತ್ತರವಾದಿಯೆಂಬ ಪಾಠವನ್ನು ಬಹಳ ಬೆಲೆ ಕೊಟ್ಟು ಕಲಿತರು. ಆ ಪಾಠವನ್ನು ಹಡಗು ಹತ್ತುವಾಗ ಅಲ್ಲಿಯೇ ಬಿಟ್ಟುಬಂದರೆಂದು ಹೇಳಬೇಕಾಗಿದೆ.

ಇನ್ನೊಂದು ಭೇದವುಂಟು, ಅದು ನಮ್ಮನ್ನೇ ಕುರಿತುದು. ಚಾರ್ಲ್ಸನ ಮಾತುಗಳನ್ನು ಬರೆದುಕೊಂಡವರಿದ್ದರು. ಸುರಪುರದ ರಾಜನ ಮಾತುಗಳನ್ನು ಟೇಲರನೊಬ್ಬನಾದರೂ ಉಳಿಸಿದನು. ಕೊಪ್ಪಳದಲ್ಲಿ ಸತ್ತ ಸಾಮಾನ್ಯರ ಮಾತು ನಾವು ಓದಿದ ಯಾವ ಪಾಠಪುಸ್ತಕಕ್ಕೂ ಬರಲಿಲ್ಲ. ಇಂಗ್ಲೆಂಡಿನ ಇತಿಹಾಸವನ್ನೋದಿ ಪದವಿ ಪಡೆದ ನಮಗೆ ವೈಟ್‌ಹಾಲಿನ ವಧಸ್ಥಾನವು ಕಣ್ಣಿಗೆ ಕಟ್ಟಿದಂತಿದೆ. ತರಗತಿಯಲ್ಲಿ ಆ ಎರಡು ಅಂಗಿಗಳ ಸಂಗತಿಯನ್ನು ವರ್ಷವರ್ಷವೂ ಹೇಳುವೆವು. ಕೊಪ್ಪಳದ ಬೆಟ್ಟಕ್ಕೆ ಬಂದಾಗ ಒಂದು ವಾಕ್ಯ ಹೇಳಿ ಹಾಳೆ ತಿರುವಿಹಾಕುವೆವು. ಅವರನ್ನು ಮರೆತ ಹೊಣೆಯೆಲ್ಲವನ್ನೂ ಕಂಪನಿಯವರ ಮೇಲೆ ಹೊರಿಸುವುದು ನಮಗೆ ಸಲ್ಲದು.

ಬ್ರಿಟನ್ನಿನಲ್ಲಿ ಬಹಿರಂಗ ಮರಣದಂಡನೆಯು 1868ರಲ್ಲಿ ನಿಂತಿತು. ಕೊಪ್ಪಳ, ಗಂಗಾವತಿ, ಕುಷ್ಟಗಿ, ಯಲಬುರ್ಗಿಗಳು 1948ರ ಸೆಪ್ಟೆಂಬರಿನಲ್ಲಿ ನಿಜಾಮರ ಆಳ್ವಿಕೆಯಿಂದ ಬಿಡುಗಡೆ ಹೊಂದಿದುವು. 1997ರಲ್ಲಿ ಈ ನಾಲ್ಕೂ ಸೇರಿ ಒಂದು ಜಿಲ್ಲೆಯಾದುವು. 1950ರ ಜನವರಿ 26ರಂದು ಜಾರಿಗೆ ಬಂದ ನಮ್ಮ ಸಂವಿಧಾನವು ಚಾರ್ಲ್ಸನ ಪ್ರಶ್ನೆಗೆ ತನ್ನ ಉತ್ತರವನ್ನು ಬರೆದಿಟ್ಟಿದೆ. ರಾಷ್ಟ್ರಪತಿಯು ಸಂವಿಧಾನವನ್ನು ಮೀರಿದರೆ ಆಪಾದನೆ ಹೊರಿಸಿ ವಿಚಾರಿಸುವ ಕ್ರಮವನ್ನು 61ನೆಯ ಅನುಚ್ಛೇದವು ಹೇಳುವುದು; ಕಾನೂನು ಗೊತ್ತುಮಾಡಿದ ಕ್ರಮದಿಂದಲ್ಲದೆ ಯಾರ ಪ್ರಾಣವನ್ನೂ ತೆಗೆಯಲಾಗದೆಂದು 21ನೆಯದು ಹೇಳುವುದು. ಒಂದು ಅತ್ಯುನ್ನತ ಪೀಠದಲ್ಲಿರುವವನಿಗೆ, ಇನ್ನೊಂದು ಹೆಸರಿಲ್ಲದವನಿಗೆ. ಇವೆರಡೂ ಒಂದೇ ಹೊತ್ತಗೆಯಲ್ಲಿರುವುದನ್ನು ನಾವು ಚೆನ್ನಾಗಿ ಗಮನಿಸಬೇಕು. ಮುಂದೆ ಎಂದಾದರೂ ಕೊಪ್ಪಳದ ಬೆಟ್ಟದ ಕೆಳಗೆ ರೈಲು ನಿಂತಾಗ, ‘ಯಾವ ಅಧಿಕಾರದಿಂದ?’ ಎಂದು ಕೇಳುವುದಕ್ಕೂ ಅವಕಾಶವಿಲ್ಲದೆ ಸತ್ತ ಆ ಜನರನ್ನು ಒಂದು ಗಳಿಗೆ ನೆನೆಯುವುದು ನಮ್ಮ ಕರ್ತವ್ಯ.