ಕಾಡುಕಪ್ಪೆಯ ಗಂಡು ಹೆಣ್ಣು

ಉತ್ತರ ಅಮೆರಿಕದ ಈಶಾನ್ಯ ಭಾಗದ ಕಾಡುಗಳಲ್ಲಿ, ಚಳಿಗಾಲದ ಹಿಮ ಮರಗಳ ಬುಡದಲ್ಲಿ ಇನ್ನೂ ಅಲ್ಲಲ್ಲಿ ಉಳಿದಿರುವಾಗಲೇ, ವಸಂತದ ಮೊದಲ ಬೆಚ್ಚನೆಯ ಮಳೆ ಬಿದ್ದ ಇರುಳು, ತರಗೆಲೆಗಳ ಹಾಸಿನಡಿಯಿಂದ ಎದ್ದ ಕಪ್ಪೆಗಳು ನೂರರ ಲೆಕ್ಕದಲ್ಲಿ ಹೊರಟು, ಹಿಮ ಕರಗಿದ ನೀರು ನಿಂತ ಸಣ್ಣಪುಟ್ಟ ಹೊಂಡಗಳನ್ನು ಸೇರುತ್ತವೆ. ಆಮೇಲೆ ಕೆಲವು ದಿನ ಆ ದಾರಿಯಲ್ಲಿ ನಡೆವವನ ಕಿವಿಗೆ, ಬಾತುಕೋಳಿಗಳ ಹಿಂಡೊಂದು ಮರಗಳ ಮರೆಯಲ್ಲಿ ಸೇರಿ ಗದ್ದಲವೆಬ್ಬಿಸಿರುವಂಥ ಧ್ವನಿ ಬೀಳುವುದು. ದಡಕ್ಕೆ ಹೋಗಿ ಬಗ್ಗಿ ನೋಡಿದರೆ ಬಾತು ಒಂದೂ ಇರದು. ಹೆಜ್ಜೆಯ ಸಪ್ಪಳಕ್ಕೆ ಸದ್ದೆಲ್ಲ ಒಮ್ಮೆಲೆ ಅಡಗಿ, ನೀರಿನ ಮೇಲೆ ಅಲೆಯ ಬಳೆಗಳು ಮಾತ್ರ ಉಳಿದಿರುತ್ತವೆ. ಹತ್ತು ನಿಮಿಷ ಅಲುಗಾಡದೆ ಕುಳಿತವನಿಗೆ ಮಾತ್ರ ಆ ಗಾಯಕರ ದರ್ಶನ.

ಇದೇ ಅಲ್ಲಿಯ ಕಾಡುಕಪ್ಪೆ. 1825ರಲ್ಲಿ ಲಕಾಂಟ್ ಎಂಬ ಅಮೆರಿಕನ್ ಪ್ರಕೃತಿಶಾಸ್ತ್ರಜ್ಞನು ಇದನ್ನು ವರ್ಣಿಸಿ ‘ರಾನಾ ಸಿಲ್ವಾಟಿಕಾ’ ಎಂದು ಹೆಸರಿಟ್ಟನು. ಲ್ಯಾಟಿನ್ನಿನ ಆ ಎರಡನೆಯ ಪದಕ್ಕೆ ವನವಾಸಿ ಎಂದೇ ಅರ್ಥ. ಒಂದೂವರೆಯಿಂದ ಮೂರು ಅಂಗುಲದವರೆಗಿನ ಈ ಪುಟ್ಟ ಪ್ರಾಣಿಯ ಕಣ್ಣಿನಿಂದ ಭುಜದತ್ತ ಹಾಯ್ದ ಕಪ್ಪು ಪಟ್ಟೆಯೊಂದು ಮುಖವಾಡ ಕಟ್ಟಿದಂತೆ ತೋರುವುದು. ಜಾರ್ಜಿಯದ ಬೆಟ್ಟಗಳಿಂದ ಅಲಾಸ್ಕದವರೆಗೆ ಇದರ ನೆಲೆ ಹಬ್ಬಿದೆ. ಆ ಖಂಡದಲ್ಲಿ ಉತ್ತರಧ್ರುವ ವೃತ್ತವನ್ನು ದಾಟಿ ಬಾಳುವ ಕಪ್ಪೆ ಇದೊಂದೇ. ಚಳಿಗಾಲದಲ್ಲಿ ಮೈಯ ನೀರಿನ ಶೇಕಡ 65ರಷ್ಟು ಮಂಜುಗಡ್ಡೆಯಾಗಿ, ಹೃದಯ ನಿಂತು, ಉಸಿರಾಟವೂ ಇಲ್ಲದೆ ಬಿದ್ದಿದ್ದು, ಯಕೃತ್ತಿನಿಂದ ಹರಿದುಬಂದ ಸಕ್ಕರೆಯ ಬಲದಿಂದ ಜೀವಕೋಶಗಳನ್ನು ಕಾಪಾಡಿಕೊಂಡು, ವಸಂತದಲ್ಲಿ ಕರಗಿ ಮತ್ತೆ ಎದ್ದು ಬರುವ ಇದರ ಅದ್ಭುತವನ್ನು ಕುರಿತು ಬೇರೆಯೇ ಲೇಖನ ಬರೆಯಬೇಕು. ಈಗ ನಮ್ಮ ಮುಂದಿರುವ ಪ್ರಶ್ನೆ ಅದಕ್ಕಿಂತ ಸರಳವೆಂದು ತೋರುವಂಥದು: ಹೊಂಡದಲ್ಲಿ ಮುಖ ಮೇಲೆತ್ತಿ ತೇಲುತ್ತಿರುವ ಇವುಗಳಲ್ಲಿ ಗಂಡು ಯಾವುದು, ಹೆಣ್ಣು ಯಾವುದು?

ನಮ್ಮ ಗದ್ದೆಬಯಲಿನ ದೊಡ್ಡ ಕಪ್ಪೆಯಲ್ಲಿ ಈ ಪ್ರಶ್ನೆಗೆ ಎಡೆಯೇ ಇಲ್ಲ. ಮುಂಗಾರಿನ ಮೊದಲ ಮಳೆಗೆ ಗಂಡು ಮೈಯೆಲ್ಲ ಹಳದಿಯಾಗಿ, ಗಂಟಲಿನ ಎರಡು ಪಕ್ಕದಲ್ಲಿ ನೀಲಿಯ ಧ್ವನಿಚೀಲಗಳನ್ನು ಉಬ್ಬಿಸಿ ಕುಳಿತಾಗ ಹಸುಳೆಯೂ ಅದನ್ನು ಗುರುತಿಸಬಲ್ಲದು. ಕಾಡುಕಪ್ಪೆಗೆ ಅಂಥ ವೈಭವವಿಲ್ಲ. ಹೆಣ್ಣು ಸಾಮಾನ್ಯವಾಗಿ ಗಾತ್ರದಲ್ಲಿ ದೊಡ್ಡದು, ಗಂಡು ಚಿಕ್ಕದು. ಆದರೆ ಒಂದೆರಡು ವರ್ಷಕ್ಕೇ ಪ್ರಾಯಕ್ಕೆ ಬರುವ ಗಂಡುಗಳಲ್ಲಿಯೂ, ಎರಡು ಮೂರು ವರ್ಷ ಕಾಯುವ ಹೆಣ್ಣುಗಳಲ್ಲಿಯೂ ಎಳೆಯವು ಬೆಳೆದವು ಎಂಬ ಭೇದವಿರುವುದರಿಂದ, ದೊಡ್ಡ ಗಂಡೂ ಸಣ್ಣ ಹೆಣ್ಣೂ ಒಂದೇ ಅಳತೆಗೆ ಸಿಕ್ಕುವುದುಂಟು. ಬಣ್ಣದ ಸಾಕ್ಷ್ಯವೂ ಹೀಗೆಯೇ. ಹೆಣ್ಣಿನ ಮೈಯಲ್ಲಿ ಇಟ್ಟಿಗೆಯ ಕೆಂಪು ಛಾಯೆ ಹೆಚ್ಚು, ಗಂಡಿನಲ್ಲಿ ಕಡುಗಂದು ಹೆಚ್ಚು ಎಂಬುದು ನಿಜವಾದರೂ, ಚಳಿಗೂ ಬೆಳಕಿಗೂ ತಕ್ಕಂತೆ ಈ ಕಪ್ಪೆ ತನ್ನ ಬಣ್ಣವನ್ನು ಮಬ್ಬು ಮಾಡಿಯೂ ತಿಳಿಯಾಗಿಸಿಯೂ ಬದಲಿಸಬಲ್ಲುದಾದ್ದರಿಂದ, ಬಣ್ಣವನ್ನೇ ನಂಬಿದವನು ಎಡವದೆ ಇರಲಾರನು. ಬೇರೆ ಕೆಲವು ಅಮೆರಿಕನ್ ಕಪ್ಪೆಗಳಲ್ಲಿ ಗಂಡಿನ ಕಿವಿತಮಟೆ ಕಣ್ಣಿಗಿಂತ ದೊಡ್ಡದಾಗಿರುವುದನ್ನು ನೋಡಿ ತೀರ್ಮಾನಿಸುವ ರೂಢಿಯಿದೆ. ಆ ಉಪಾಯ ಇಲ್ಲಿ ಸಲ್ಲದು.

ಧ್ವನಿ ಒಳ್ಳೆಯ ಗುರುತು. ಬಾತುಕೋಳಿಯಂತೆ ಕೂಗುವುದು ಗಂಡೇ, ಹೆಣ್ಣಲ್ಲ. ಆದರೆ ಕೂಗುವ ಗಂಡು ಕೈಗೆ ಸಿಕ್ಕಿದೊಡನೆ ಸುಮ್ಮನಾಗಬಹುದು, ಮೌನವಾಗಿರುವುದೆಲ್ಲ ಹೆಣ್ಣಲ್ಲವಷ್ಟೆ.

ನನ್ನ ಅಭಿಪ್ರಾಯದಲ್ಲಿ ಎಲ್ಲಕ್ಕಿಂತ ನೆಚ್ಚಬಹುದಾದ ಲಕ್ಷಣವಿರುವುದು ಮುಂಗೈಯಲ್ಲಿ. ಕಪ್ಪೆಯ ಮುಂಗಾಲಿಗೆ ನಾಲ್ಕೇ ಬೆರಳು; ಅವುಗಳಲ್ಲಿ ಎಲ್ಲಕ್ಕಿಂತ ಒಳಗಡೆ ಇರುವುದನ್ನು ಹೆಬ್ಬೆರಳೆನ್ನುವುದು ವಾಡಿಕೆ. ಸಂತಾನಕಾಲ ಬಂದೊಡನೆ ಗಂಡಿನ ಈ ಹೆಬ್ಬೆರಳು ಬುಡದಲ್ಲಿ ಊದಿ, ಕಪ್ಪೇರಿ, ಉರುಟಾದ ದಿಂಬಿನಂತಾಗುವುದು. ತೋಳೂ ಹೆಣ್ಣಿನದಕ್ಕಿಂತ ದಪ್ಪವಾಗಿ ಬಲಿಯುವುದು. ಹೆಣ್ಣಿನ ಬೆರಳಾದರೋ ಬುಡದಿಂದ ತುದಿಯವರೆಗೆ ಸಪೂರ. ಇನ್ನೊಂದು ಗುರುತು ಹಿಂಗಾಲಿನದು. ಅದನ್ನು ನೋಡಬೇಕಾದರೆ ಬೆರಳುಗಳನ್ನು ಮೆಲ್ಲನೆ ಬಿಡಿಸಿ ಹಿಡಿಯಬೇಕು. ಆಗ ಬೆರಳುಗಳ ನಡುವಣ ಪೊರೆಯ ಅಂಚು ಗಂಡಿನಲ್ಲಿ ಹೊರಕ್ಕೆ ಉಬ್ಬಿ ಬಾಗಿರುವುದೂ, ಹೆಣ್ಣಿನಲ್ಲಿ ಒಳಕ್ಕೆ ಬಾಗಿರುವುದೂ ಕಂಡುಬರುತ್ತದೆ. ಈ ಎರಡನ್ನೂ ಸೇರಿಸಿ ನೋಡಿದವನಿಗೆ ಸಂತಾನಕಾಲದಲ್ಲಿ ಸಂಶಯಕ್ಕೆ ಎಡೆ ಬಹಳ ಕಡಿಮೆ.

ಇದು ಮನುಷ್ಯನ ಕಣ್ಣಿನ ಮಾತಾಯಿತು. ಕಪ್ಪೆಗೆ ಕಪ್ಪೆಯ ಗುರುತು ಹತ್ತುವ ಬಗೆ ಹೇಗೆ? ನೂರಾರು ಗಂಡುಗಳು ತುಂಬಿದ ಕಲಕುನೀರಿನಲ್ಲಿ, ಹೆಣ್ಣುಗಳು ಒಂದೊಂದಾಗಿ ಬಂದು ಮೊಟ್ಟೆಯಿಟ್ಟು ಬೇಗನೆ ಕಾಡಿಗೆ ಮರಳುವ ಆ ಕೆಲವೇ ದಿನಗಳಲ್ಲಿ, ಸಂಗಾತಿಯ ಹೆಬ್ಬೆರಳನ್ನೂ ಪೊರೆಯ ಅಂಚನ್ನೂ ಪರೀಕ್ಷಿಸುತ್ತ ಕೂರುವ ಗಂಡು ಯಾವುದುಂಟು? ಈ ಪ್ರಶ್ನೆಯನ್ನೇ ಹಿಡಿದು ನ್ಯೂಯಾರ್ಕಿನ ಪ್ರಕೃತಿಚರಿತ್ರೆಯ ವಸ್ತುಸಂಗ್ರಹಾಲಯದ ನೋಬಲ್ ಎಂಬ ವಿದ್ವಾಂಸರು ಫ್ಯಾರಿಸ್ ಎಂಬುವರ ಜೊತೆಗೂಡಿ ನಡೆಸಿದ ಅಧ್ಯಯನವು 1929ರಲ್ಲಿ ಪ್ರಕಟವಾಯಿತು. ಅದರಿಂದ ತಿಳಿದುಬಂದುದು ಇಷ್ಟು: ಗಂಡು ಕಣ್ಣಿನಿಂದ ಆರಿಸುವುದೇ ಇಲ್ಲ. ಹತ್ತಿರ ಅಲುಗಾಡಿದುದನ್ನು ಮೊದಲು ಬೆನ್ನೇರಿ, ಕಂಕುಳಿನ ಕೆಳಗೆ ತೋಳು ತೂರಿಸಿ, ಎದೆಯ ಮೇಲೆ ಬಿಗಿಯಾಗಿ ಅಪ್ಪುವುದು. ಅಪ್ಪಿಕೊಂಡ ಬಳಿಕವೇ ಅದರ ವಿವೇಚನೆ. ಸಿಕ್ಕಿದ್ದು ಇನ್ನೊಂದು ಗಂಡಾದರೆ ಅದು ಒಡನೆ ಗೊಣಗಿ ಬಿಡುಗಡೆ ಬೇಡುತ್ತದೆ, ತೋಳುಗಳ ನಡುವೆ ಅದರ ಮೈಯೂ ತೆಳುವಾಗಿರುತ್ತದೆ. ಅಪ್ಪಿದ ಗಂಡು ಸಡಿಲಿಸಿ ಬಿಡುತ್ತದೆ. ಮೊಟ್ಟೆ ತುಂಬಿದ ಹೆಣ್ಣು ಗೊಣಗದು, ಅದರ ಮೈ ತುಂಬಿ ಗಟ್ಟಿಯಾಗಿ ತೋಳುಗಳನ್ನು ಒತ್ತುತ್ತದೆ, ಹಿಡಿತ ಬಿಗಿಯಾಗುತ್ತದೆ. ಮೊಟ್ಟೆಯಿಟ್ಟು ಮುಗಿಸಿ ಸೊರಗಿದ ಹೆಣ್ಣನ್ನು ಅಪ್ಪಿದರೆ, ಹೆಣ್ಣೇ ಆದರೂ ಗಂಡು ಅದನ್ನು ಬಿಟ್ಟುಬಿಡುವುದು. ಕಪ್ಪೆಗಳನ್ನು ತಕ್ಕಡಿಯಲ್ಲಿ ಹಾಕಿ ತೂಗುವುದು ಆಗದ ಕೆಲಸವೆಂದು ನಮ್ಮ ಹಿರಿಯರು ಹೇಳುತ್ತ ಬಂದರು. ಈ ಕಪ್ಪೆಯಾದರೋ ತನ್ನ ಎರಡು ತೋಳುಗಳನ್ನೇ ತಕ್ಕಡಿಯಾಗಿಸಿ ಇನ್ನೊಂದು ಕಪ್ಪೆಯನ್ನು ತೂಗಿ ತಿಳಿಯುತ್ತದೆ. ಗಂಡಿನ ಹೆಬ್ಬೆರಳು ಊದಿಕೊಳ್ಳುವುದೇಕೆಂಬುದೂ ಈಗ ಅರ್ಥವಾದೀತು: ಜಾರುವ ಮೈಯನ್ನು ಬಿಗಿದು ಹಿಡಿಯಲು ಬೇಕಾದ ಆಸರೆ ಅದು. ನಾವು ಗುರುತೆಂದು ನೋಡುವುದು ಕಪ್ಪೆಗೆ ಉಪಕರಣ.

ಈ ಕ್ರಮಕ್ಕೆ ತೆರಬೇಕಾದ ಬೆಲೆಯೂ ಸಣ್ಣದಲ್ಲ. ಅದೇ ಹೊಂಡಗಳಿಗೆ ಬರುವ, ಹಳದಿ ಚುಕ್ಕೆಯ ಸಾಲಮಾಂಡರ್ ಎಂಬ ಬಾಲವುಳ್ಳ ಉಭಯಚರವನ್ನು ಕೂಡ ಗಂಡು ಕಪ್ಪೆ ಅಪ್ಪಿ ಹಿಡಿಯುವುದುಂಟು. ಒಂದು ಹೆಣ್ಣಿಗೆ ಹಲವು ಗಂಡುಗಳು ಒಮ್ಮೆಗೇ ಮುತ್ತಿ ಉಂಡೆಯಾದಾಗ, ನೀರಿನ ಮೇಲಕ್ಕೆ ಬರಲಾರದೆ ಆ ಹೆಣ್ಣು ಮುಳುಗಿ ಸಾಯುವುದೂ ಉಂಟು. ಬದುಕಿ ಉಳಿದವು ನೂರಾರು, ಕೆಲವೊಮ್ಮೆ ಸಾವಿರಕ್ಕೂ ಮಿಕ್ಕ ಮೊಟ್ಟೆಗಳ ಮುದ್ದೆಯನ್ನು ಉಳಿದ ಹೆಣ್ಣುಗಳ ಮುದ್ದೆಗಳ ಪಕ್ಕದಲ್ಲಿಯೇ ಇಟ್ಟು ಹೋಗುತ್ತವೆ.

ಗೊದಮೊಟ್ಟೆಗಳಲ್ಲಿ ಹೊರಗಿನಿಂದ ಯಾವ ಭೇದವನ್ನೂ ಕಾಣಲಾಗದು. ಕಾಣುವುದಿರಲಿ, ಆ ವಯಸ್ಸಿನಲ್ಲಿ ಭೇದವೇ ಪೂರ್ತಿ ಗಟ್ಟಿಯಾಗಿರುವುದಿಲ್ಲ. ಅದೇ 1929ರಲ್ಲಿ ವಿಚಿ ಎಂಬ ವಿಜ್ಞಾನಿ, ಕಾಡುಕಪ್ಪೆಯ ಹೆಣ್ಣು ಗೊದಮೊಟ್ಟೆಗಳನ್ನು ಸುಮಾರು 32 ಡಿಗ್ರಿ ಸೆಲ್ಸಿಯಸ್ ಬಿಸಿಯ ನೀರಿನಲ್ಲಿ ಬೆಳೆಸಿದಾಗ ಅವುಗಳ ಅಂಡಾಶಯಗಳು ವೃಷಣಗಳಾಗಿ ಮಾರ್ಪಟ್ಟುದನ್ನು ವರದಿ ಮಾಡಿದನು. ಗಂಡು ಹೆಣ್ಣೆಂಬುದು ಹುಟ್ಟಿನಲ್ಲೇ ಬರೆದಿಟ್ಟ ಬದಲಾಗದ ಲಿಪಿಯೆಂದು ನಂಬಿದ್ದವರಿಗೆ ಇದು ಎಷ್ಟು ವಿಸ್ಮಯವನ್ನು ತಂದಿರಬೇಕು!

ನ್ಯೂ ಇಂಗ್ಲೆಂಡಿನಲ್ಲಿಯೋ ಮಿಷಿಗನ್ನಿನಲ್ಲಿಯೋ ಕೆನಡದ ಆಂಟೇರಿಯೊದಲ್ಲಿಯೋ ಮನೆಮಾಡಿರುವ ಕನ್ನಡಿಗರು ಇಂದು ಬಹುಮಂದಿ. ವಸಂತದ ಮೊದಲ ಮಳೆಯ ಇರುಳು ಕೈದೀಪ ಹಿಡಿದು ರಸ್ತೆಯ ಬದಿಯಲ್ಲಿ ನಿಂತು, ದಾಟುವ ಕಪ್ಪೆಗಳನ್ನು ವಾಹನಗಳ ಚಕ್ರದಿಂದ ಉಳಿಸುವ ಸ್ವಯಂಸೇವಕರು ಮ್ಯಾಸಚೂಸೆಟ್ಸ್, ವರ್ಮಾಂಟ್ ಮುಂತಾದೆಡೆ ಇದ್ದಾರೆ. ಮಕ್ಕಳನ್ನು ಕರೆದುಕೊಂಡು ಒಮ್ಮೆ ಅವರೊಡನೆ ನಿಲ್ಲಿರಿ. ಕಪ್ಪೆಯನ್ನು ಕೈಗೆತ್ತಿಕೊಳ್ಳುವುದಾದರೆ, ಸೊಳ್ಳೆಯ ಮುಲಾಮನ್ನಾಗಲಿ ಬೇರೆ ಲೇಪವನ್ನಾಗಲಿ ತೊಳೆದು, ಕೈಯನ್ನು ಹೊಂಡದ ನೀರಿನಲ್ಲೇ ನೆನೆಸಿಕೊಳ್ಳಿರಿ. ಅದರ ತೊಗಲು ಮುಟ್ಟಿದ್ದನ್ನೆಲ್ಲ ಹೀರುವಂಥದು. ಹೆಬ್ಬೆರಳನ್ನು ನೋಡಿ, ಪೊರೆಯನ್ನು ನೋಡಿ, ಅದು ಯಾವ ಕಡೆಗೆ ಹೊರಟಿತ್ತೋ ಆ ಕಡೆಗೇ ಬಿಟ್ಟುಬಿಡಿರಿ.