ಚೀಟಿಯ ಮೇಲಿನ ವಾರ

ಕೊಡಂಬಲದಿಂದ ಹುಮನಾಬಾದಿಗೆ, ಅಲ್ಲಿಂದ ಬೀದರಿಗೆ ರೋಗಿಯನ್ನು ಕರೆದೊಯ್ಯುವ ಬಡ ಕುಟುಂಬಕ್ಕೆ ಬಸ್ಸಿನ ಪ್ರಯಾಣ ದೊಡ್ಡ ಸಂಗತಿಯಲ್ಲ. ಕಷ್ಟ ಆರಂಭವಾಗುವುದು ದವಾಖಾನೆಯ ಹೆಬ್ಬಾಗಿಲು ದಾಟಿದ ಮೇಲೆ. ಒಳಗೆ ಹತ್ತಾರು ಬಾಗಿಲುಗಳು, ಹತ್ತಾರು ಫಲಕಗಳು, ಎಲ್ಲೆಡೆ ಸಾಲು.

ನಮ್ಮ ಭಾಗದ ಹಿರಿಯರಿಗೆ ದೊಡ್ಡ ದವಾಖಾನೆಯೆಂದರೆ ಹೈದರಾಬಾದಿನ ಮೂಸಿ ನದಿಯ ದಂಡೆಯ ಉಸ್ಮಾನಿಯಾ. 1956ರವರೆಗೆ ಬೀದರ ಜಿಲ್ಲೆ ಹೈದರಾಬಾದ್ ರಾಜ್ಯದಲ್ಲಿತ್ತಲ್ಲವೇ! ಬೀದರ ವೈದ್ಯಕೀಯ ವಿಜ್ಞಾನಗಳ ಸಂಸ್ಥೆ 2007ರಲ್ಲಿ ಸ್ಥಾಪನೆಯಾದಂದಿನಿಂದ ಜಿಲ್ಲೆಯೊಳಗೇ ಬೋಧನಾ ಆಸ್ಪತ್ರೆಯಿದೆ.

ಬೋಧನಾ ಆಸ್ಪತ್ರೆಗೆ ತನ್ನದೇ ಆದ ಒಂದು ಕ್ರಮವಿದೆ. ಔಷಧ ಚಿಕಿತ್ಸೆ, ಶಸ್ತ್ರಚಿಕಿತ್ಸೆ, ಮೂಳೆ, ಪ್ರಸೂತಿಯಂತಹ ದೊಡ್ಡ ವಿಭಾಗಗಳನ್ನು ಸಾಮಾನ್ಯವಾಗಿ 'ಯೂನಿಟ್'ಗಳಾಗಿ ವಿಂಗಡಿಸಿರುತ್ತಾರೆ. ಪ್ರತಿ ಯೂನಿಟ್ಟಿಗೆ ಒಬ್ಬ ಹಿರಿಯ ವೈದ್ಯರು, ಅವರ ಕೈಕೆಳಗೆ ಸಹಾಯಕ ಪ್ರಾಧ್ಯಾಪಕರು, ಸ್ನಾತಕೋತ್ತರ ವಿದ್ಯಾರ್ಥಿಗಳು, ಹೌಸ್‌ಸರ್ಜನ್ನರು. ಹೊರರೋಗಿಗಳನ್ನು ನೋಡಲು ಯೂನಿಟ್ಟುಗಳಿಗೆ ವಾರದ ದಿನಗಳನ್ನು ಹಂಚಿರುತ್ತಾರೆ. ಮಂಗಳವಾರ ನೋಡಿದ ವೈದ್ಯರನ್ನೇ ಮತ್ತೆ ಕಾಣಬೇಕಾದರೆ ಮಂಗಳವಾರವೇ ಹೋಗಬೇಕು. ಇಷ್ಟು ಸಣ್ಣ ಮಾತನ್ನು ರೋಗಿಗೆ ತಾಳ್ಮೆಯಿಂದ ತಿಳಿಸಿ ಹೇಳುವವರು ವಿರಳ.

ನಾನು ಬಲ್ಲ ವೃದ್ಧೆಯೊಬ್ಬರು ಬಿಡದ ಕೆಮ್ಮಿಗಾಗಿ ಒಂದು ದೊಡ್ಡ ಆಸ್ಪತ್ರೆಗೆ ಮೂರು ಸಲ ಹೋಗಿಬಂದರು. ಕೂಲಿ ಇಲ್ಲದ ದಿನವೇ ಅವರಿಗೆ ಆಸ್ಪತ್ರೆಯ ದಿನ. ಪ್ರತಿ ಸಲವೂ ಬೇರೆ ವೈದ್ಯರು, ಹೊಸ ಚೀಟಿ, ಅವೇ ಪ್ರಶ್ನೆಗಳು. ಮೊದಲ ಭೇಟಿಯಲ್ಲಿ ಕೊಟ್ಟ ಕಫದ ವರದಿ ಪ್ರಯೋಗಾಲಯದಲ್ಲಿ ಸಿದ್ಧವಾಗಿಯೇ ಇತ್ತು. ಅದನ್ನು ಕೇಳಿ ಪಡೆಯಬೇಕೆಂಬುದು ಆ ತಾಯಿಗೆ ತಿಳಿದಿರಲಿಲ್ಲ. ನಾಲ್ಕನೆಯ ಸಲ ನಾನು ಜೊತೆಗೆ ಹೋದೆ. ಕ್ಷಯವೆಂದು ತಿಳಿದದ್ದು ಆಗಲೇ. ಸರ್ಕಾರ ಉಚಿತವಾಗಿ ನೀಡುವ ಮಾತ್ರೆಗಳು ಒಂದು ತಿಂಗಳು ತಡವಾಗಿ ಆರಂಭವಾದವು. ಅದೇ ಗುಡಿಸಲಿನಲ್ಲಿ ಅವರ ಇಬ್ಬರು ಮೊಮ್ಮಕ್ಕಳೂ ಮಲಗುತ್ತಾರೆ.

ದೇಹದಿಂದ ಬೇರ್ಪಟ್ಟ ಕೈ ಹೆಸರಿಗೆ ಮಾತ್ರ ಕೈ ಎಂಬ ಅರಿಸ್ಟಾಟಲನ ಮಾತನ್ನು ಗುರುಮಠದಲ್ಲಿ ಪರೀಕ್ಷೆಗಾಗಿ ಓದಿದ್ದೆ. ಅಂದು ಸಾಲಿನಲ್ಲಿ ನಿಂತಾಗ ಅದು ನೆನಪಾಯಿತು. ಶ್ವಾಸಕೋಶಕ್ಕೊಂದು ವಿಭಾಗ, ಕಣ್ಣಿಗೊಂದು, ಚರ್ಮಕ್ಕೊಂದು. ಕೆಮ್ಮುವವರು ಮಾತ್ರ ಇಡಿಯಾದ ಒಬ್ಬ ಮನುಷ್ಯರು. ವಿಭಾಗಗಳನ್ನು ದೂರುವುದು ಸರಿಯಲ್ಲ. ಅವಿಲ್ಲದೆ ಇಂದಿನ ವೈದ್ಯವಿದ್ಯೆಯೇ ಇಲ್ಲ. ರೋಗಿ ಎಂದೂ ಕಾಣದ ಸೂಕ್ಷ್ಮಜೀವಿ ವಿಭಾಗವೇ ಆ ಕಫದಲ್ಲಿ ಕ್ಷಯವನ್ನು ಗುರುತಿಸಿದ್ದು. ಆದರೆ ಒಂದು ಬಾಗಿಲಿನಿಂದ ಇನ್ನೊಂದಕ್ಕೆ ಕೈಹಿಡಿದು ನಡೆಸುವವರು ಬೇಕು.

ಹಾಸಿಗೆಯ ಸುತ್ತ ವಿದ್ಯಾರ್ಥಿಗಳು ನೆರೆದರೆ ನಮ್ಮವರು ಅಂಜುತ್ತಾರೆ. ಅಂಜಬೇಕಿಲ್ಲ, ರೋಗಿಯ ಮಾತನ್ನು ಬಿಡುವಾಗಿ ಕೇಳುವವರು ಎಷ್ಟೋ ಸಲ ಅವರೇ. ಸಂವಿಧಾನದ 371 (ಜೆ) ವಿಧಿಯ ಫಲವಾಗಿ ಅವರಲ್ಲಿ ಬಹುಮಂದಿ ಈ ಸೀಮೆಯ ಮಕ್ಕಳೇ ಆಗಿರುತ್ತಾರೆ.

ವಿಶ್ವಗುರು ಎರಡನೇ ಜಾನ್ ಪಾಲರು 1992ರಲ್ಲಿ ಘೋಷಿಸಿದ ವಿಶ್ವ ರೋಗಿಗಳ ದಿನವನ್ನು ಫೆಬ್ರವರಿ 11ರಂದು ಆಚರಿಸುತ್ತೇವೆ, ಹಣ್ಣು ಹಂಚುತ್ತೇವೆ. ಹಣ್ಣಿಗಿಂತ ಅರ್ಧ ದಿನದ ಬಿಡುವು ಹೆಚ್ಚು ಉಪಯುಕ್ತವೆಂದು ನನ್ನ ಅನಿಸಿಕೆ. ಹಳೆಯ ಚೀಟಿ, ವರದಿ, ಪಡಿತರ ಚೀಟಿ, ಆಧಾರ್ ಎಲ್ಲವನ್ನೂ ಒಂದೇ ಚೀಲದಲ್ಲಿಟ್ಟು, ಚೀಟಿಯ ಮೇಲಿನ ವಾರವನ್ನು ಓದಬಲ್ಲ ಒಬ್ಬರು ಜೊತೆಗಿದ್ದರೆ ಸಾಕು.

ಆ ತಾಯಿ ಬರುವ ಮಂಗಳವಾರ ಮತ್ತೆ ತೋರಿಸಿಕೊಳ್ಳಬೇಕಾಗಿದೆ. ಅಂದು ನನಗೆ ಬೇರೆಡೆ ಪೂಜೆಯಿದೆ. ಜೊತೆಗೆ ಹೋಗಬಲ್ಲವರು ಭಾನುವಾರ ಪೂಜೆಯ ನಂತರ ನನ್ನನ್ನು ಕಾಣಬೇಕು.