ಕತ್ತರಿ ಬೇಡದ ಸಂಕಲನ

ಸಿನಿಮಾ ಸಂಕಲನವೆಂದರೆ ಕತ್ತರಿಸುವುದು, ಅಂಟಿಸುವುದು. ನಟ ತಡವರಿಸಿದರೆ ಕಟ್. ದೃಶ್ಯ ಎಳೆದಂತಾದರೆ ಕಟ್. ಹಂಗೇರಿಯ ಸಂಕಲನಕಾರ್ತಿ ಆಗ್ನೆಶ್ ಹ್ರಾನಿಟ್ಸ್ಕಿ ಕಲಿತದ್ದೂ ಇದೇ ಕಸುಬನ್ನು. 1980ರ ಆಸುಪಾಸಿನಲ್ಲಿ ಆಕೆಯ ಮೇಜಿಗೆ ಬೇಲಾ ತಾರ್ ಎಂಬ ಯುವ ನಿರ್ದೇಶಕನ ಚಿತ್ರಗಳು ಬರತೊಡಗಿದವು. ಬಡವರ ಇಕ್ಕಟ್ಟಿನ ಮನೆಗಳು, ಜಗಳಗಳು, ಮುಖಕ್ಕೆ ಮುಖ ತಾಗುವಷ್ಟು ಹತ್ತಿರದ ಕ್ಯಾಮೆರಾ. ಕತ್ತರಿಗೆ ಬೇಕಾದಷ್ಟು ಕೆಲಸವಿತ್ತು.

ಅಷ್ಟರಲ್ಲಿ ತಾರ್ 1982ರಲ್ಲಿ ದೂರದರ್ಶನಕ್ಕಾಗಿ 'ಮ್ಯಾಕ್‌ಬೆತ್' ಮಾಡಿದ. ಇಡೀ ನಾಟಕ ಎರಡೇ ಶಾಟ್‌ಗಳಲ್ಲಿ ಮುಗಿದಿತ್ತು. ಎರಡನೆಯದು ಸುಮಾರು ಒಂದು ಗಂಟೆಯಷ್ಟು ಉದ್ದ! ವಿಡಿಯೊದಲ್ಲಿ ಅದು ಸಾಧ್ಯವಾಯಿತು. ಫಿಲ್ಮಿನಲ್ಲಿ ಹಾಗಲ್ಲ, ಮುನ್ನೂರು ಮೀಟರಿನ ರೀಲು ಹನ್ನೊಂದು ನಿಮಿಷಕ್ಕೆ ಖಾಲಿ. ಆದರೆ ಒಮ್ಮೆ ಹತ್ತಿದ ರುಚಿ ಬಿಡಲಿಲ್ಲ. 1988ರ 'ಡ್ಯಾಮ್ನೇಷನ್' ಹೊತ್ತಿಗೆ ಶಾಟ್‌ಗಳು ಉದ್ದುದ್ದವಾದವು, ಸಂಕಲನಕ್ಕೆ ಬರುವ ತುಣುಕುಗಳು ಕಡಿಮೆಯಾದವು.

ಕಷ್ಟ ಶುರುವಾದದ್ದು ಇಲ್ಲೇ. ಸಣ್ಣ ಶಾಟ್‌ಗಳ ಚಿತ್ರದಲ್ಲಿ ಒಂದು ಕೆಟ್ಟರೆ ಇನ್ನೊಂದಿದೆ. ಹತ್ತು ನಿಮಿಷದ ಶಾಟಿನಲ್ಲಿ ಒಂಬತ್ತನೆಯ ನಿಮಿಷಕ್ಕೆ ಯಾರೋ ತಪ್ಪು ಹೆಜ್ಜೆ ಇಟ್ಟರೆ ಅಲ್ಲಿಯವರೆಗಿನ ಎಲ್ಲವೂ ಹೋಯಿತು. ಸಂಕಲನದ ಕೋಣೆಯಲ್ಲಿ ಅದನ್ನು ಉಳಿಸುವ ಉಪಾಯವಿರಲಿಲ್ಲ.

ಹ್ರಾನಿಟ್ಸ್ಕಿ ಕೋಣೆ ಬಿಟ್ಟು ಚಿತ್ರೀಕರಣದ ಜಾಗಕ್ಕೇ ಬಂದು ನಿಂತಳು. ಮುಂದಿನದು 'ಸಾತಾನ್‌ಟ್ಯಾಂಗೊ'. ಮಳೆ, ಕೆಸರು, ಪಾಳುಬಿದ್ದ ಹಳ್ಳಿ. ಮೊದಲ ಶಾಟಿನಲ್ಲೇ ಕೊಟ್ಟಿಗೆಯಿಂದ ಹೊರಬಿದ್ದ ದನಗಳು ತಮ್ಮಿಷ್ಟದಂತೆ ಅಲೆದವು, ಕ್ಯಾಮೆರಾ ಅವುಗಳ ಹೆಜ್ಜೆಗೆ ಹೆಜ್ಜೆ ಹಾಕಿತು. 1994ರಲ್ಲಿ ಚಿತ್ರ ತೆರೆಗೆ ಬಂದಾಗ ಏಳು ಗಂಟೆ ದಾಟಿತ್ತು.

'ವರ್ಕ್‌ಮೈಸ್ಟರ್ ಹಾರ್ಮನೀಸ್' ಎಂಬ ಮುಂದಿನ ಚಿತ್ರ ಇನ್ನೂ ಕಠಿಣವಾಯಿತು. ಛಾಯಾಗ್ರಾಹಕರು ಒಬ್ಬರಾದ ಮೇಲೊಬ್ಬರು ಬದಲಾದರು. ಆದರೂ ಅದರ ಮೊದಲ ದೃಶ್ಯ ನೆನಪಿನಲ್ಲಿ ನಿಂತುಬಿಟ್ಟಿತು. ಸಾರಾಯಿ ಅಂಗಡಿ ಮುಚ್ಚುವ ಹೊತ್ತು. ಯಾನೋಶ್ ಎಂಬ ಹುಡುಗ ಒಬ್ಬ ಕುಡುಕನನ್ನು ನಡುವೆ ನಿಲ್ಲಿಸಿ ಸೂರ್ಯನಾಗು ಎಂದ. ಆತ ಬೆರಳುಗಳನ್ನು ಪಟಪಟನೆ ಆಡಿಸಿ ಬೆಳಕಾದ. ಇನ್ನೊಬ್ಬ ಭೂಮಿಯಾಗಿ ಸುತ್ತಿದ, ಮತ್ತೊಬ್ಬ ಚಂದ್ರನಾದ. ಗ್ರಹಣ ಹಿಡಿಯಿತು, ಎಲ್ಲರೂ ಸ್ತಬ್ಧರಾದರು. ಕೊನೆಗೆ ಅಂಗಡಿಯವನು ಬಾಗಿಲು ತೆರೆದು ಎಲ್ಲರನ್ನೂ ಹೊರಗಟ್ಟಿದ. ಸುಮಾರು ಹತ್ತು ನಿಮಿಷ ಒಂದೇ ಒಂದು ಕಟ್ ಇರಲಿಲ್ಲ. ಎರಡೂಕಾಲು ಗಂಟೆ ಮೀರಿದ ಇಡೀ ಚಿತ್ರಕ್ಕೆ ಬರೀ 39 ಶಾಟ್‌ಗಳು.

ಪೆಟ್ಟುಗಳು ಅಲ್ಲಿಗೂ ಮುಗಿಯಲಿಲ್ಲ. 2005ರ ಫೆಬ್ರವರಿಯಲ್ಲಿ 'ದ ಮ್ಯಾನ್ ಫ್ರಮ್ ಲಂಡನ್' ಎಂಬ ಮುಂದಿನ ಚಿತ್ರದ ನಿರ್ಮಾಪಕ ಉಂಬೇರ್ ಬಾಲ್ಸಾನ್ ತೀರಿಕೊಂಡರು. ಕಾರ್ಸಿಕಾ ದ್ವೀಪದಲ್ಲಿನ ಚಿತ್ರೀಕರಣದ ಕೆಲಸ ನಿಂತುಹೋಯಿತು, ಹಣ ಕಟ್ಟಾಯಿತು. ತಂಡ ಪಟ್ಟು ಬಿಡಲಿಲ್ಲ. 2007ರಲ್ಲಿ ಆ ಚಿತ್ರ ಕಾನ್ ಚಿತ್ರೋತ್ಸವದ ಸ್ಪರ್ಧೆಗೆ ಬಂದು ನಿಂತಿತು.

ಇಷ್ಟು ವರ್ಷಗಳ ಹಟಕ್ಕೆ ಸಿಕ್ಕಿದ ಉತ್ತರ ಸರಳವಾಗಿತ್ತು. ಪ್ರೇಕ್ಷಕ ಯಾವಾಗ ಯಾವುದನ್ನು ಎಷ್ಟು ಹತ್ತಿರದಿಂದ ನೋಡಬೇಕೆಂದು ನಿಶ್ಚಯಿಸುವುದೇ ಸಂಕಲನ. ಕತ್ತರಿ ಅದರ ಒಂದು ಸಾಧನ ಮಾತ್ರ. ಕ್ಯಾಮೆರಾ ದೂರದಿಂದ ಮುಖದತ್ತ ಸರಿದರೆ ಕತ್ತರಿಸದೆಯೇ ನೋಟ ಬದಲಾಗುತ್ತದೆ. ಆ ನಿಶ್ಚಯವನ್ನು ಮೇಜಿನ ಮೇಲಲ್ಲ, ಕ್ಯಾಮೆರಾ ಓಡುತ್ತಿರುವಾಗಲೇ ಮಾಡಬೇಕು. ಹಾಗಾಗಿಯೇ ಈ ಚಿತ್ರಗಳಲ್ಲಿ ಸಂಕಲನವನ್ನೂ ನಿರ್ದೇಶನವನ್ನೂ ಬೇರ್ಪಡಿಸಲು ಬರಲಿಲ್ಲ. 'ವರ್ಕ್‌ಮೈಸ್ಟರ್'ನಿಂದ ಮುಂದೆ, 30 ಶಾಟ್‌ಗಳ 'ದ ಟ್ಯೂರಿನ್ ಹಾರ್ಸ್' ಚಿತ್ರ 2011ರಲ್ಲಿ ಬರ್ಲಿನ್‌ನಲ್ಲಿ ತೀರ್ಪುಗಾರರ ಮಹಾ ಪ್ರಶಸ್ತಿ ಗೆಲ್ಲುವವರೆಗೆ, ಮೂರೂ ಚಿತ್ರಗಳಲ್ಲಿ ಆಗ್ನೆಶ್ ಹ್ರಾನಿಟ್ಸ್ಕಿಯ ಹೆಸರು ಸಹನಿರ್ದೇಶಕಿಯಾಗಿಯೂ ಮೂಡಿತು.